ಯಜಮಾನರ ಹಾಡಿಗೆ ಹುಳಿಯಾದ ಮೊಸರು

ಒಂದೂರಿನಲ್ಲಿ ಹಾಡಿನಿಂದ ಕಾಲವನ್ನೇ ಓಡಿಸುವ ಗಾಯಕರ ಸಂಘವಿತ್ತು. ಅವರು ಲಯ ಏರಿಸಿದರೆ ಮೊಗ್ಗು ಕಣ್ಣೆದುರೇ ಹೂವಾಗುತ್ತಿತ್ತು.

ಒಂದು ಮಧ್ಯಾಹ್ನ ಊಟದ ಪಂಕ್ತಿಯಲ್ಲಿ ಸಂಘದ ಯಜಮಾನರು ಮೊಸರನ್ನ ಬಾಯಿಗಿಟ್ಟು ಮುಖ ಕಿವುಚಿದರು. "ಏನಯ್ಯಾ ಇದು, ಇಷ್ಟು ಹುಳಿ! ನಾಳೆಯಿಂದ ನೀನು ಬರಲೇಬೇಡ" ಎಂದು ಅಡುಗೆಯವನ ಮೇಲೆ ಹಾರಾಡಿದರು.

ಅಡುಗೆಯವನು ಕೈಮುಗಿದ. "ಬೆಳಿಗ್ಗೆ ಸಿಹಿಯಾಗೇ ಇತ್ತು ಸ್ವಾಮಿ. ಆಮೇಲೆ ತಾವು ಅಡುಗೆಮನೆ ಪಕ್ಕದಲ್ಲೇ ಕೂತು ಹಾಡಿದಿರಿ. ಬೇರೆಯವರು ಗಂಟಲು ಹರಿದುಕೊಂಡರೂ ಮೊಸರಿಗೆ ಏನೂ ಆಗೋದಿಲ್ಲ."

ಇಡೀ ಪಂಕ್ತಿ ಯಜಮಾನರತ್ತ ತಿರುಗಿತು. ಅವರು ಮೆಲ್ಲಗೆ ಮೀಸೆ ನೀವಿಕೊಂಡರು. "ಎರಡು ದಿನವಾದರೂ ಓಡಿರಬೇಕು. ಇನ್ನೊಂದು ಸೌಟು ಹಾಕು."

ಅಡುಗೆಯವನು ಧಾರಾಳವಾಗಿ ಬಡಿಸಿದ. ಮೊನ್ನೆ ಹೆಪ್ಪು ಹಾಕಿದ್ದು ಇನ್ನೂ ಅರ್ಧ ಗಡಿಗೆ ಉಳಿದಿತ್ತು.