ಕೇಳಿದಷ್ಟಕ್ಕೇ ಉತ್ತರ

ಮರುಳಸಿದ್ಧನೆಂಬ ಶಿಷ್ಯ ಕೇಳಿದ: "ಗುರುಗಳೇ, ಕೇಳಿದ ಮಾತಿಗೆ ನಿಜವನ್ನೇ ಹೇಳಿದವನೂ ಪಶ್ಚಾತ್ತಾಪ ಪಡಬೇಕಾಗುತ್ತದೆಯೇ?"

ಗುರುಗಳು ಹೇಳತೊಡಗಿದರು.

ಒಬ್ಬ ಕೈಬರಹ ಪರೀಕ್ಷಕನಿದ್ದ. ಆಸ್ತಿಯ ದಾವೆಗಳಲ್ಲಿ ಸಹಿಯ ಬಗ್ಗೆ ತಕರಾರು ಎದ್ದರೆ ನ್ಯಾಯಾಲಯ ಆ ಕಾಗದವನ್ನು ಅವನಿಗೆ ಕಳಿಸುತ್ತಿತ್ತು. ಮೂವತ್ತು ವರ್ಷಗಳಲ್ಲಿ ಅವನ ವರದಿ ಒಮ್ಮೆಯೂ ತಪ್ಪೆನಿಸಿರಲಿಲ್ಲ. ಅದು ಅವನಿಗೆ ಹೆಮ್ಮೆ.

ಒಂದು ಸಲ ಅಕ್ಕ ತಮ್ಮನ ನಡುವಿನ ದಾವೆ ಬಂತು. ಅಕ್ಕ ವಿಧವೆ. ತವರಿಗೆ ಮರಳಿ, ಹಾಸಿಗೆ ಹಿಡಿದ ತಂದೆಯನ್ನು ಕೊನೆಯವರೆಗೂ ನೋಡಿಕೊಂಡವಳು. ತಂದೆ ತೀರಿದ ಮೇಲೆ ತಮ್ಮ ಒಂದು ಪತ್ರ ತೋರಿಸಿದ. ಮನೆಯಲ್ಲಿ ತನಗೆ ಪಾಲು ಬೇಡವೆಂದು ಅಕ್ಕ ಒಪ್ಪಿ ಬರೆದುಕೊಟ್ಟ ಪತ್ರ ಅದು ಎಂದ. ಅಕ್ಕ ನ್ಯಾಯಾಲಯದಲ್ಲಿ, "ಈ ಸಹಿ ನನ್ನದಲ್ಲ" ಎಂದಳು.

ಸಹಿ ಅವಳದೇ ಹೌದೋ ಅಲ್ಲವೋ ಎಂದು ನ್ಯಾಯಾಲಯ ಪರೀಕ್ಷಕನನ್ನು ಕೇಳಿತು.

ಅವನು ಅವಳ ಹಳೆಯ ಸಹಿಗಳನ್ನು ತರಿಸಿಕೊಂಡು ಹೋಲಿಸಿದ. ಅನುಮಾನವೇ ಉಳಿಯಲಿಲ್ಲ. ಸಹಿ ಅವಳದೇ. ಆದರೆ ಸೂಕ್ಷ್ಮದರ್ಶಕದಡಿ ಇನ್ನೊಂದು ಸಂಗತಿಯೂ ಕಂಡಿತು. ಪತ್ರದ ಕೊನೆಯ ಸಾಲಿನ ಶಾಯಿ ಸಹಿಯ ಗೆರೆಯ ಮೇಲೆ ಹಾದುಹೋಗಿತ್ತು. ಸಹಿ ಮೊದಲು ಬಿದ್ದಿತ್ತು, ಬರಹ ಆಮೇಲೆ ಬಂದಿತ್ತು.

ಖಾಲಿ ಕಾಗದಕ್ಕೆ ಸಹಿ ಹಾಕಿಸಿಕೊಂಡಿದ್ದಾರೆಂದು ಅವನಿಗೆ ತಿಳಿಯಿತು. ಅದನ್ನು ಯಾರೂ ಕೇಳಿರಲಿಲ್ಲ. ಕೇಳದ್ದನ್ನು ಬರೆದರೆ ಪಕ್ಷಪಾತಿ ಎಂದಾರು ಎನಿಸಿತು. "ಸಹಿ ಅವಳದೇ" ಎಂದಷ್ಟೇ ಬರೆದ. ಪಾಟೀಸವಾಲಿನಲ್ಲಾದರೂ ಅವಳ ವಕೀಲರು ಕೇಳಬಹುದೆಂದು ಕಾದ. ಅವರು ಸಹಿಯ ಬಗ್ಗೆಯೇ ಕೇಳಿ ಕುಳಿತರು.

ಅಕ್ಕ ಸೋತಳು. ಸುಳ್ಳು ಹೇಳಿದವಳು ಎಂಬ ಹೆಸರೂ ಬಂತು. ತೀರ್ಪಿನ ದಿನ ಅವಳು ಹೊರಗಿನ ಮೆಟ್ಟಿಲ ಬಳಿ ಪರೀಕ್ಷಕನಿಗೆ ಎದುರಾದಳು.

"ಸಹಿ ನನ್ನದೇ ಸ್ವಾಮಿ. ಖಾತೆ ಬದಲಾವಣೆಗೆ ಬೇಕು ಅಂತ ತಮ್ಮ ಖಾಲಿ ಕಾಗದಕ್ಕೆ ಹಾಕಿಸಿಕೊಂಡ. ಹಾಗಂದರೆ ಯಾರೂ ನಂಬುವುದಿಲ್ಲ, ಸಹಿಯೇ ನಿನ್ನದಲ್ಲ ಅನ್ನು ಅಂತ ವಕೀಲರು ಹೇಳಿಕೊಟ್ಟರು. ನಿಮ್ಮ ಮೇಲೆ ನನಗೆ ಸಿಟ್ಟಿಲ್ಲ. ನೀವು ಕಂಡದ್ದನ್ನು ಹೇಳಿದಿರಿ."

ಅವನು ತಲೆ ತಗ್ಗಿಸಿ ಹೊರಟುಹೋದ. ಮೇಲ್ಮನವಿಗೆ ಇನ್ನೂ ಕಾಲಾವಕಾಶವಿತ್ತು. ಕಂಡದ್ದನ್ನೆಲ್ಲ ಒಂದು ಕಾಗದದಲ್ಲಿ ಬರೆದ. ಮೊದಲೇ ಏಕೆ ಹೇಳಲಿಲ್ಲ ಎಂದು ಕೇಳಿದರೆ ಏನೆನ್ನುವುದು ಎಂದು ಹೆದರಿದ. ನಾಳೆ ಕಳಿಸೋಣ ಎಂದುಕೊಂಡ. ಹಾಗೆಯೇ ಗಡುವು ಕಳೆಯಿತು.

ನಿವೃತ್ತನಾದ ಮೇಲೆ ಆ ಕಾಗದ ಹಿಡಿದು ಅವಳನ್ನು ಹುಡುಕಿಕೊಂಡು ಹೋದ. ಅವಳು ಒಂದು ಛತ್ರದಲ್ಲಿ ಅಡುಗೆ ಮಾಡಿಕೊಂಡಿದ್ದಳು. ಕಣ್ಣು ಮಂಜಾಗಿತ್ತು. ಅವನೇ ಓದಿ ಹೇಳಿದ.

ಅವಳು ಕೇಳಿದಳು: "ಇದು ನಿಮಗೆ ಆಗಲೇ ಕಂಡಿತ್ತೇ?"

"ಕಂಡಿತ್ತಮ್ಮಾ."

ಅವಳು ಒಲೆಯ ಮೇಲಿನ ಅನ್ನ ನೋಡಲು ಎದ್ದುಹೋದಳು. ಅವನು ಸಂಜೆಯವರೆಗೂ ಅಲ್ಲೇ ಕುಳಿತಿದ್ದ. ಅವಳು ಹೊರಗೆ ಬರಲಿಲ್ಲ.

ಗುರುಗಳು ಕತೆ ನಿಲ್ಲಿಸಿದರು. ಮರುಳಸಿದ್ಧ ಮೆಲ್ಲನೆ, "ಆದರೂ ಗುರುಗಳೇ, ಅವನು ಒಂದು ಸುಳ್ಳನ್ನೂ ಹೇಳಲಿಲ್ಲವಲ್ಲ" ಎಂದ.

ಗುರುಗಳು ಹೇಳಿದರು: "ಸುಳ್ಳು ಹೇಳಿದ್ದರೆ ಯಾರಾದರೂ ಹಿಡಿಯುತ್ತಿದ್ದರು."