ಬೀಸೂಕಲ್ಲಿನ ಮುಂದ ನಿಂತ ಲಾಠಿ

ಈ ಕಥಿ ನನ್ನಂಗ ಹೇಳಾವ ಈ ಸೀಮ್ಯಾಗ ಮತ್ತೊಬ್ಬ ಇಲ್ಲ, ಸುಮ್ಮನ ಕೇಳ್ರಿ. ಬಿಳಿಯರ ಕಾಲದಾಗ ಬಾಳವ್ವನ ಮಗ ಓಣ್ಯಾಗ ದೇಶದ ಹಾಡು ಹಾಡಿ ಜೇಲಿಗೆ ಹೋದ. ಮನ್ಯಾಗ ಅವನ ಹಾಡೊಂದ ಉಳೀತು. ಬಾಳವ್ವ, ಆಕಿ ಸೊಸಿ, ಇಬ್ಬರೂ ಬೀಸೂಕಲ್ಲಿನ ಒಂದ ಗೂಟ ಹಿಡದು, ಅದನ್ನ ಹಾಡಕೋಂತ ಪೊಲೀಸ್ ಠಾಣೇದ ಜೋಳ ಬೀಸ್ತಿದ್ರು.

ಹವಾಲದಾರನ ಲಾಠಿ ಬಂದು ಬಾಗಲಾ ಬಡೀತು. "ಏ ಕಲ್ಲೇ, ಆ ಹಾಡು ಬಂದ್ ಮಾಡಸು!"

"ಹಾಡು ನಿಂತ್ರ ಇವರ ಕೈ ಕೂಡೂದಿಲ್ಲಪಾ," ಅಂತು ಬೀಸೂಕಲ್ಲು. "ಹಿಟ್ಟು ಹೋಗಿ ನುಚ್ಚಾಗ್ತೈತಿ."

"ಹಂಗಾರ ನಮ್ಮ ಸರಕಾರದ ಹಾಡು ಹಾಡ್ಲಿ. ಲೆಫ್ಟ್, ರೈಟ್! ಲೆಫ್ಟ್, ರೈಟ್!"

ಆ ತಾಳಕ್ಕ ಅತ್ತಿ ಅತ್ತಾಗ ಜಗ್ಗಿದ್ಲು, ಸೊಸಿ ಇತ್ತಾಗ ಜಗ್ಗಿದ್ಲು. ಕಲ್ಲು ಅರ್ಧಾ ತಿರಗಿ ನಿಂತು ನಕ್ಕಿತು. "ನಿಂದು ಕವಾಯತು, ನಂದು ಗುಂಡಗ ತಿರಗೂದು. ಹೆಂಗ ಕೂಡತೈತೋ ತಮ್ಮಾ?"

ಆ ನುಚ್ಚಿನಾಗ ಠಾಣ್ಯಾಗ ಒಂದ ರೊಟ್ಟಿನೂ ಏಳಲಿಲ್ಲ. ಹವಾಲದಾರ ಹಸಗೊಂಡ ಮಲಗಿದ. ಮರುದಿನ ಲಾಠಿ ತಿರಗಿ ಬಂತು. "ಹಾಡ್ರವಾ, ಆದ್ರ ಮೆಲ್ಲಕ ಹಾಡ್ರಿ."

"ಮೆಲ್ಲಕ ಹಾಡಿದ್ರ ನನ್ನ ಸಪ್ಪಳದಾಗ ಒಬ್ಬರದು ಒಬ್ಬರಿಗೆ ಕೇಳೂದಿಲ್ಲ," ಅಂತು ಕಲ್ಲು.

ಅತ್ತಿ-ಸೊಸಿ ಗಂಟಲಾ ಬಿಚ್ಚಿ ಹಾಡಿದ್ರು. ಓಣಿ ತುಂಬ ಮನಿಮನಿ ಬೀಸೂಕಲ್ಲು ಅದ ಹಾಡಿಗೆ ತಿರಗಿದ್ವು. ಹಿಟ್ಟು ಆಗೂತನಕ ಲಾಠಿ ಬಾಗಲದಾಗ ನಿಂತು, ಪೂರಾ ಹಾಡು ಕೇಳ್ತು.