ಹಾಲಪ್ಪನ ಬಿಸ್ಕತ್ತು ಬೆಂದದ್ದು

ಹೊಳೆದಂಡೆಯ ಆಶ್ರಮದಲ್ಲಿ ಹಾಲಪ್ಪ ಹನ್ನೆರಡು ವರ್ಷದಿಂದ ಶಿಷ್ಯ. ಓದಿದ್ದೆಲ್ಲ ಬಾಯಿಪಾಠ. ಆದರೆ ನಾಲ್ಕು ಜನರ ಮುಂದೆ ನಿಂತರೆ ನಾಲಿಗೆ ಏಳುತ್ತಿರಲಿಲ್ಲ.

ಆಚೆ ದಡದ ಊರಿನವರು ಮಕ್ಕಳಿಗೆ ಪಾಠ ಹೇಳಲು ಒಬ್ಬರನ್ನು ಕಳಿಸಿಕೊಡಿ ಎಂದು ಕೇಳಿದ್ದರು. ಗುರುಗಳಾದ ನಿರ್ವಾಣಸ್ವಾಮಿ ಹಾಲಪ್ಪನ ಹೆಸರು ಹೇಳಿಬಿಟ್ಟರು. ಹಾಲಪ್ಪ ಕೈಮುಗಿದ.

"ನಾನಿನ್ನೂ ಕಾಯಿ, ಬುದ್ಧಿ. ಇನ್ನೊಂದು ವರ್ಷ ತಮ್ಮ ಹತ್ತಿರಾನೇ ಇರ್ತೀನಿ."

"ಹೋದ ವರ್ಷಾನೂ ಇದನ್ನೇ ಹೇಳ್ದೆ," ಎಂದರು ಗುರುಗಳು. "ಆಗಲಿ. ಆ ಮಕ್ಕಳಿಗೆ ಒಂದು ತಟ್ಟೆ ಬಿಸ್ಕತ್ತು ಮಾಡು. ಅದು ಸರಿಯಾಗಿ ಬೆಂದ ದಿನ ಹೊರಡು."

ಗುರುಗಳು ಸನ್ಯಾಸಕ್ಕೆ ಮುಂಚೆ ಬೇಕರಿಯೊಂದರಲ್ಲಿ ಕೆಲಸಕ್ಕಿದ್ದವರು. ಆಶ್ರಮದ ಹಿತ್ತಲಲ್ಲೂ ಮಣ್ಣಿನ ಭಟ್ಟಿಯೊಂದನ್ನು ಕಟ್ಟಿಕೊಂಡಿದ್ದರು. ಬೆಣ್ಣೆ, ಬೆಲ್ಲ, ಗೋಧಿಹಿಟ್ಟು, ಭಕ್ತರೊಬ್ಬರು ತಂದುಕೊಟ್ಟ ಓಟ್ಸು, ಒಣದ್ರಾಕ್ಷಿ, ಎಲ್ಲದರ ಅಳತೆಯನ್ನೂ ಒಂದೇ ಸಲ ಹೇಳಿ ಎದ್ದು ಹೋದರು.

ಬಿಸ್ಕತ್ತಿಗೂ ಪಾಠ ಹೇಳುವುದಕ್ಕೂ ಏನು ಸಂಬಂಧ? ಹಾಲಪ್ಪನಿಗೆ ತಿಳಿಯಲಿಲ್ಲ. ಕಲಸಿದ, ತಟ್ಟಿದ, ಭಟ್ಟಿಗೆ ಇಟ್ಟ.

ಸ್ವಲ್ಪ ಹೊತ್ತು ಬಿಟ್ಟು ಬಾಗಿಲು ತೆಗೆದು ಬೆರಳಿನಿಂದ ಒತ್ತಿ ನೋಡಿದ. ಮೆತ್ತಗಿತ್ತು. ಬಾಗಿಲು ಮುಚ್ಚಿದ. ಮತ್ತೆ ತೆಗೆದ, ಮತ್ತೆ ಮೆತ್ತಗೆ. ಬೆರಳಿಗೆ ಗಟ್ಟಿ ಅನಿಸಿದ ಮೇಲೆಯೇ ಹೊರಗೆ ತೆಗೆದದ್ದು.

ಆರಿದ ಮೇಲೆ ನೋಡಿದರೆ ಅಪ್ಪಟ ಕಬ್ಬಿಣದ ಕಡಲೆ.

ಗುರುಗಳು ಒಂದನ್ನು ಎತ್ತಿಕೊಂಡರು. ತಿನ್ನಲಿಲ್ಲ. ಕುಂಟುತ್ತಿದ್ದ ತಮ್ಮ ಮಣೆಯ ಕಾಲಿನ ಕೆಳಗೆ ಇಟ್ಟು ಕುಳಿತರು. ಮಣೆ ಅಲ್ಲಾಡಲಿಲ್ಲ.

ಮರುದಿನವೂ ಅದೇ ಕಥೆ.

ಹಾಲಪ್ಪನ ತಲೆ ಕೆಟ್ಟುಹೋಯಿತು. "ಬುದ್ಧಿ, ಒಳಗಿದ್ದಾಗ ಮೆತ್ತಗಿರುತ್ತೆ, ಹೊರಗೆ ಬಂದ್ರೆ ಕಲ್ಲು. ನಾನು ಯಾವುದನ್ನ ನಂಬಲಿ?"

"ಮಣೆ ಚೆನ್ನಾಗಿ ಕೂತಿದೆ," ಎಂದರು ಗುರುಗಳು.

ಹಾಲಪ್ಪನಿಗೆ ಅಳು ಬಂತು. ಕಳಿಸದಿದ್ದರೆ ಸಾಕು ಎಂದುಕೊಂಡಿದ್ದವನಿಗೆ ಈಗ ಒಂದು ತಟ್ಟೆ ಬಿಸ್ಕತ್ತೂ ಬಾರದ ಅವಮಾನ. ಹೋಗಲೂ ಭಯ, ಉಳಿಯಲೂ ನಾಚಿಕೆ.

ಮೂರನೆಯ ದಿನ ಗುರುಗಳೇ ಭಟ್ಟಿಯ ಮುಂದೆ ಬಂದು ಕುಳಿತರು. ಹಾಲಪ್ಪ ಒಳಗಿಟ್ಟಿದ್ದ ಬಿಸ್ಕತ್ತುಗಳ ಅಂಚು ಕೆಂಪಾಗಿತ್ತಷ್ಟೆ, ನಡು ಇನ್ನೂ ಹಸಿಯಾಗಿ ಹೊಳೆಯುತ್ತಿತ್ತು. ಬಟ್ಟೆ ಹಿಡಿದು ತಟ್ಟೆಯನ್ನು ಹೊರಗೆಳೆದರು.

"ಅಯ್ಯೋ ಬುದ್ಧಿ, ಇನ್ನೂ ಬೆಂದಿಲ್ಲ!"

"ಮುಟ್ಟಬೇಡ."

"ಹಸೀದು, ಬುದ್ಧಿ! ಒಂದೈದು ನಿಮಿಷ..."

"ಕೂತ್ಕೋ."

ಹಾಲಪ್ಪ ಕುಳಿತ. ಗುರುಗಳು ಭಟ್ಟಿಯ ಕೆಂಡವನ್ನೆಲ್ಲ ಹೊರಗೆ ಎಳೆದು ನೀರು ಸುರಿದರು. ಚುಂಯ್ ಎಂದಿತು. ಇನ್ನು ಒಳಗಿಡಲು ಬೆಂಕಿಯೂ ಇಲ್ಲ. ಇವರಿಗೆ ಏನಾಗಿದೆ ಎಂದು ಅವನು ಕಕ್ಕಾಬಿಕ್ಕಿಯಾಗಿ, ಬಿಸಿ ಹೊಮ್ಮುತ್ತಿದ್ದ ತಟ್ಟೆಯನ್ನೇ ನೋಡುತ್ತಿದ್ದ.

ಸ್ವಲ್ಪ ಹೊತ್ತಾದ ಮೇಲೆ ಗುರುಗಳು ಒಂದನ್ನು ಎತ್ತಿ ಅವನ ಕೈಗಿತ್ತರು. ಅಂಚು ಕರುಮ್ ಎಂದಿತು, ನಡು ಮೆದುವಾಗಿ ಬೆಂದಿತ್ತು. ದ್ರಾಕ್ಷಿ ಬಾಯಲ್ಲಿ ಕರಗಿತು.

"ಹೊರಗೆ ಬೆಂಕಿಯೇ ಇರಲಿಲ್ಲವಲ್ಲ, ಬುದ್ಧಿ. ಇದು ಯಾವಾಗ ಬೆಂತು?"

ಗುರುಗಳು ಇನ್ನೂ ಬಿಸಿಯಾರದ ಆ ಬಿಸ್ಕತ್ತುಗಳನ್ನು ಬಟ್ಟೆಯಲ್ಲಿ ಗಂಟು ಕಟ್ಟಿ ಅವನ ಮಡಿಲಿಗೆ ಇಟ್ಟರು. ಹೊಳೆಯ ಕಡೆಯಿಂದ ಅಂಬಿಗ ಕೂಗಿದ.

ಹಾಲಪ್ಪ ಗಂಟನ್ನು ಹಿಡಿದುಕೊಂಡು ಎದ್ದ. "ಆ ಮಕ್ಕಳು ನನಗೆ ಗೊತ್ತಿಲ್ಲದ್ದನ್ನ ಕೇಳಿದ್ರೆ? ನಾಲಿಗೆ ಏಳದೇ ಹೋದ್ರೆ? ಬುದ್ಧಿ, ನನ್ನ ನಡು ಇನ್ನೂ ಹಸಿಯಾಗೇ ಇದೆ."

ಗುರುಗಳು ಅವನ ಎದೆಯ ಮೇಲೆ ಅಂಗೈ ಒತ್ತಿದರು.

"ಬಿಸಿ ಇದೆ," ಎಂದರು. "ಹೊರಡು."